ಸಾಹೇಬರು ಕೇಳಿಸಿಕೊಂಡರು

ಹಾಸಿಗೆಯವನಿಗೆ ಮೊದಲು ಕೋಪ ಬಂದದ್ದು ನೋಟಿಸಿನಲ್ಲಿ ಬರೆದದ್ದನ್ನು ಓದಿ ಅಲ್ಲ, ಅದನ್ನು ಅಂಟಿಸಿದ ಜಾಗ ನೋಡಿ. ಗಿರಾಕಿಗಳ ಕಣ್ಣಿಗೆ ಬೀಳಲೆಂದು ಅಂಗಡಿಯ ಮುಂದೆ ನಿಲ್ಲಿಸಿದ್ದ ಹೊಸ ಹಾಸಿಗೆಯ ಎದೆಗೆ ಪುರಸಭೆಯ ಜವಾನ ಧಾರಾಳವಾಗಿ ಗೋಂದು ಬಳಿದು, ಕಾಗದವನ್ನು ರಪ್ಪೆಂದು ಬಡಿದು, ಸೈಕಲ್ ಹತ್ತಿ ಹೋಗಿದ್ದ.

"ಬಾಗಿಲಿಗೆ ಅಂಟಿಸೋಕೆ ಏನು ಧಾಡಿ ಇವನಿಗೆ?" ಎಂದು ಹಾಸಿಗೆಯವ ಉಗುರಿನಿಂದ ಕಾಗದದ ಮೂಲೆ ಕೆರೆದ. ಕಾಗದದ ಜೊತೆ ಬಟ್ಟೆಯ ಹೂವೂ ಎದ್ದು ಬಂತು.

"ಬಾಗಿಲು ತೆರೆದಿತ್ತು, ಅವನ ಕೈಗೆ ಸಿಗ್ಲಿಲ್ಲ," ಎಂದಳು ಹೆಂಡತಿ ಒಳಗಿನಿಂದ. "ನಿಮ್ಮ ಹಣೆ ಖಾಲಿ ಇತ್ತು, ಅಲ್ಲಿಗೆ ಬಡೀಲಿಲ್ಲ, ಅದೇ ಪುಣ್ಯ. ಏನಂತೆ, ಓದಿ."

ಅವನು ಓದಿದ. ಅಂಗಡಿಯ ಸದ್ದು ಮತ್ತು ದೂಳಿನಿಂದ ತೊಂದರೆಯಾಗುತ್ತಿದೆ ಎಂದು ದೂರು ಬಂದಿದೆ; ತನಿಖೆಯಲ್ಲಿ ಅದು ನಿಜವೆಂದು ಕಂಡಿದೆ; ಪರವಾನಗಿಯನ್ನು ಏಕೆ ರದ್ದು ಮಾಡಬಾರದು ಎಂಬುದನ್ನು ಖುದ್ದಾಗಿ ಬಂದು ತಿಳಿಸತಕ್ಕದ್ದು; ಬಾರದಿದ್ದರೆ ನಿಮ್ಮನ್ನು ಬಿಟ್ಟೇ ತೀರ್ಮಾನಿಸಲಾಗುವುದು. ಬರಬೇಕಾದ ದಿನ: ಇಂದು.

"ಇಂದು ಅಂದ್ರೆ?" ಎಂದಳು ಹೆಂಡತಿ.

"ಇಂದು ಅಂದ್ರೆ ಇಂದು! ಹಲ್ಲು ಉಜ್ಜಿ ಬಾಯಿ ಮುಕ್ಕಳಿಸೋಕೂ ಟೈಮ್ ಕೊಟ್ಟಿಲ್ಲ."

ಈ ಬೀದಿಗೆ ಅವನು ಹಾಸಿಗೆಯವ. ಮುಂದೆ ಅಂಗಡಿ, ಹಿಂದೆ ಮನೆ, ಎರಡಕ್ಕೂ ಬೀದಿಯ ಕಡೆ ಒಂದೇ ಬಾಗಿಲು, ಒಂದೇ ನಂಬರು: ಹದಿನೇಳು. ಅಪ್ಪ ಬಿಲ್ಲು ಹಿಡಿದು ಹತ್ತಿ ಹಿಂಜುತ್ತಿದ್ದ. ಮಗ ಯಂತ್ರ ಇಟ್ಟ. ಪರವಾನಗಿ ಹೋದರೆ ಯಂತ್ರದ ಕರೆಂಟು ಹೋಗುತ್ತದೆ. ಕರೆಂಟು ಹೋದರೆ ಉಳಿಯುವುದು ಗೋಡೆಗೆ ತೂಗುಹಾಕಿದ ಅಪ್ಪನ ಬಿಲ್ಲು; ಅದನ್ನು ಹಿಡಿಯುವುದನ್ನು ಅವನು ಕಲಿತೇ ಇರಲಿಲ್ಲ. ಹತ್ತಿ ಮಾತ್ರ ಅವನನ್ನು ಎಂದೂ ಬಿಟ್ಟಿರುತ್ತಿರಲಿಲ್ಲ: ತಲೆಯಲ್ಲಿ, ಹುಬ್ಬಿನಲ್ಲಿ, ಕಿವಿಯ ಕೂದಲಲ್ಲಿ. ದೂರದಿಂದ ನೋಡಿದರೆ ಆಗತಾನೇ ಜಗಳದಿಂದ ಬಿಡಿಸಿಕೊಂಡು ಬಂದ ಹುಂಜದ ಹಾಗೆ ಕಾಣುತ್ತಿದ್ದ.

"ಸದ್ದಂತೆ, ದೂಳಂತೆ! ನನ್ನದು!" ಎಂದು ಅವನು ರಸ್ತೆಯ ಆಚೆ ನೋಡಿದ.

ಆಚೆ ಕಲ್ಲು ಕೊಯ್ಯುವವನ ಅಂಗಡಿ. ಬಂದು ಒಂದು ವರ್ಷವಾಗಿರಬಹುದು. ಅವನ ಗರಗಸ ಕೂಗಿದರೆ ಬೀದಿಯಲ್ಲಿ ಹಲ್ಲಿದ್ದವರಿಗೆಲ್ಲ ಹಲ್ಲುನೋವು. ಅವನ ಬಿಳಿ ದೂಳು ರಸ್ತೆ ದಾಟಿ ಬಂದು ಹತ್ತಿಯೊಳಗೆ ಸೇರಿಕೊಂಡು, ಮಲಗಿದವರು ಮಗ್ಗುಲು ಬದಲಿಸಿದರೆ ಹಾಸಿಗೆಯೇ ಕೆಮ್ಮುತ್ತಿತ್ತು. ಹೋದ ಬೇಸಿಗೆಯಲ್ಲಿ ಹಾಸಿಗೆಯವ ತಡೆಯಲಾರದೆ ಪುರಸಭೆಗೆ ಹೋಗಿ ದೂರು ಹೇಳಿ ಬಂದಿದ್ದ. ಒಬ್ಬ ಕನ್ನಡಕದ ಇನ್‌ಸ್ಪೆಕ್ಟರು ಬಂದು, ಸೀನಿ, ಎರಡು ಮಾತು ಕೇಳಿ, ಏನೋ ಗೀಚಿಕೊಂಡು ಹೋದ. ಆಮೇಲೆ ಬಾವಿಗೆ ಬಿದ್ದ ಕಲ್ಲಿನ ಹಾಗೆ ಸುದ್ದಿಯೇ ಇಲ್ಲ.

"ನಾನು ದೂರು ಕೊಟ್ಟರೆ ಬಾವಿಗೆ. ಅವನು ಕೊಟ್ಟರೆ ನನ್ನ ಹಾಸಿಗೆ ಮೇಲೆ," ಎಂದು ಹಲ್ಲು ಕಡಿದುಕೊಂಡು ರಸ್ತೆ ದಾಟಿದ.

ಕಲ್ಲಿನವ ಗರಗಸ ನಿಲ್ಲಿಸಿ, ಎರಡು ಕಿವಿಯಿಂದಲೂ ಹತ್ತಿಯ ಉಂಡೆ ಕಿತ್ತು, "ಏನಣ್ಣಾ?" ಎಂದ.

"ನನ್ನ ಮೇಲೆ ಸದ್ದಿನ ದೂರು ಕೊಟ್ಟಿದ್ದೀಯಾ?"

"ನಿನ್ನ ಯಂತ್ರಕ್ಕೆ ಸದ್ದಿದೆಯಾ?" ಕಲ್ಲಿನವ ನಿಜವಾಗಿಯೂ ಆಶ್ಚರ್ಯಪಟ್ಟ. "ನನಗೆ ಯಾವತ್ತೂ ಕೇಳೇ ಇಲ್ವಲ್ಲಣ್ಣ. ನೋಡು, ಇದು ನಿನ್ನ ಅಂಗಡಿ ಹತ್ತೀನೇ. ಗಾಳಿಗೆ ಬರತ್ತೆ, ಆರಿಸಿ ಕಿವಿಗಿಟ್ಕೋತೀನಿ. ಒಳ್ಳೇ ಮಾಲು."

ಕೋಪ ಇಳಿಸಲು ಜಾಗ ಸಿಗದೆ ಹಾಸಿಗೆಯವ ಹಿಂದೆ ತಿರುಗಿದ. ಅವನ ಮಹಡಿಯ ಮೇಲೆ ಬಾಡಿಗೆಗಿದ್ದ ಅಮ್ಮ ಒಗೆದ ಸೀರೆಯಿಂದ ಹತ್ತಿ ಹೆಕ್ಕುತ್ತಿದ್ದರು.

"ಅಮ್ಮಾ, ನೀವೇನಾದ್ರೂ..."

"ಯಾಕೋ? ನಿನ್ನನ್ನ ಬೈಯೋಕೆ ನನಗೆ ಪುರಸಭೆ ಬೇಕೇನೋ? ಇಲ್ಲೇ ನಿಂತು ಬೀದಿ ತುಂಬ ಬೈಯ್ಯೋಕಾಗಲ್ವಾ? ಅಲ್ಲಿ ಹೋಗಿ ಸಾಲಲ್ಲಿ ನಿಲ್ಲೋಕೆ ಮೊಣಕಾಲು ನೀನು ಕೊಡಿಸ್ತೀಯಾ?"

ಈ ಮಾತು ಪಕ್ಕದ ಮನೆಯ ನಿವೃತ್ತ ಮೇಷ್ಟ್ರ ಕಿವಿಗೆ ಬಿತ್ತು. ಮೇಷ್ಟ್ರು ಮೂವತ್ತು ವರ್ಷ ಪೌರನೀತಿ ಪಾಠ ಮಾಡಿದವರು. ಕೇಳುವ ಮಕ್ಕಳಿಲ್ಲದೆ ಈಗ ಬಾಯಿ ತುರಿಸುತ್ತಿತ್ತು. ನೋಟಿಸನ್ನು ಕಣ್ಣಿಗೆ ಹತ್ತಿರ ಹಿಡಿದು ಓದಿ, "ಅನ್ಯಾಯ!" ಎಂದು ಸಂತೋಷದಿಂದ ಕೂಗಿದರು. "ದೂರು ಕೊಟ್ಟವರು ಯಾರು ಅಂತ ಇಲ್ಲ. ಏನು ಹೇಳಿದ್ದಾರೆ ಅಂತ ಇಲ್ಲ. ಇವತ್ತು ಹೇಳಿ ಇವತ್ತೇ ಬಾ ಅಂತಾರೆ. ಗಲ್ಲಿಗೆ ಹಾಕೋನ ಮಾತೂ ಕೇಳಿ ಆಮೇಲೆ ಹಗ್ಗ ಎಳೀಬೇಕು ಕಣಯ್ಯ. ಮೊದಲು ಕೇಳು, ಆಮೇಲೆ ಹೇಳು, ಅದೇ ನ್ಯಾಯ. ನಡಿ, ನಾನೂ ಬರ್ತೀನಿ."

"ನಾನು ಏನು ಮಾತಾಡಲಿ ಮೇಷ್ಟ್ರೇ?"

"ನಿನ್ನ ಸದ್ದಿನ ಸುದ್ದೀನೇ ಎತ್ತಬೇಡ. ಅವನ ಸದ್ದಿನ ಬಗ್ಗೆ ಮಾತಾಡು. ಎದುರಿಗೆ ಅಷ್ಟು ದೊಡ್ಡ ಕೋಣ ಗುಟುರು ಹಾಕ್ತಿರೋವಾಗ ನನ್ನ ಇಲಿ ಕಿಚಿಕಿಚಿ ಯಾವ ಲೆಕ್ಕ ಅನ್ನು. ಹೊಟ್ಟೇಲಿರೋದನ್ನೆಲ್ಲ ಕಕ್ಕಿಬಿಡು."

ಪುರಸಭೆಯ ಗೇಟಿನಲ್ಲಿ ಕಾವಲುಗಾರ ಇಬ್ಬರನ್ನೂ ತಡೆದ. ಹಾಸಿಗೆಯವನ ಅಂಗಿಯ ಕಾಲರಿಗೆ ಹಾಸಿಗೆ ಹೊಲಿಯುವ ದಬ್ಬಳ ಸಿಕ್ಕಿಸಿಕೊಂಡಿತ್ತು. ಅದು ಸದಾ ಅಲ್ಲೇ ಇರುವುದು; ಮದುವೆಮನೆಗೂ ಅವನು ಅದರ ಜೊತೆಯೇ ಹೋಗುವವನು.

"ಇದೇನು?"

"ಸೂಜಿ."

"ಇಷ್ಟುದ್ದದ ಸೂಜಿ ಯಾವ ಗುಂಡಿ ಹೊಲಿಯೋಕೆ? ಇಲ್ಲಿಡು." ಕಾವಲುಗಾರ ಅದನ್ನು ಕಸಿದುಕೊಂಡು ತನ್ನ ಪುಸ್ತಕದಲ್ಲಿ ಬರೆದುಕೊಂಡ. "ಹೆಸರು ಬೇಡ, ಎಲ್ಲಿಂದ ಬಂದೆ ಹೇಳು. ಹಾಸಿಗೆ ಅಂಗಡಿ. ಆಯುಧ, ಒಂದು. ಹೂಂ, ಹೋಗು."

ಒಳಗೆ ಕಾಲಿಡುತ್ತಲೇ ಮೇಷ್ಟ್ರಿಗೆ ನಲ್ಲಿಯ ದೂರಿನ ಸಾಲು ಕಂಡಿತು. "ಅಯ್ಯೋ, ನಮ್ಮನೆ ನಲ್ಲಿ ವಿಷಯ ಮರೆತೇಬಿಟ್ಟಿದ್ದೆ. ನೀನು ಮುಂದೆ ನಡೀ, ಈಗ ಬಂದೆ," ಎಂದವರು ಆ ಸಾಲಿನ ಬಾಲಕ್ಕೆ ಅಂಟಿಕೊಂಡರು. ನ್ಯಾಯ ಅಲ್ಲೇ ನಿಂತಿತು. ಹಾಸಿಗೆಯವ ಒಬ್ಬನೇ ಮುಂದೆ ಹೋದ.

ಪರವಾನಗಿ ಶಾಖೆಯ ಗುಮಾಸ್ತ ತಲೆ ಎತ್ತದ ಮನುಷ್ಯ. ಬಂದವರನ್ನು ಅವನು ಸ್ವರದಿಂದ, ವಾಸನೆಯಿಂದ ಗುರುತಿಸುತ್ತಿದ್ದ.

"ಹಾಸಿಗೆ ಅಂಗಡಿ," ಎಂದ ಹಾಸಿಗೆಯವ. "ನನ್ನ ಮಾತು ಕೇಳೋಕೆ ಕರೆಸಿದ್ದೀರಂತೆ."

"ಕೂತ್ಕೊಳ್ಳಿ. ಆರ್ಡರ್ ರೆಡಿ ಇದೆ."

"ಆರ್ಡರಾ? ಇನ್ನೂ ನನ್ನನ್ನ ಏನೂ ಕೇಳೇ ಇಲ್ಲ!"

"ಕೇಳಿದ ಮೇಲೆ ಬರೆಯೋಕೆ ಕೂತ್ರೆ ಸಂಜೆ ಆಗತ್ತೆ. ಮೊದಲು ಬರೆದಿಡ್ತೀವಿ, ಆಮೇಲೆ ಕೇಳ್ತೀವಿ. ಕೇಳಿದ್ದು ಬೇರೆ ಥರ ಇದ್ರೆ ತಿದ್ದೋಕೆ ಜಾಗ ಬಿಟ್ಟಿರ್ತೀವಿ."

"ಯಾವತ್ತಾದ್ರೂ ತಿದ್ದಿದ್ದೀರಾ?"

ಗುಮಾಸ್ತ ಯೋಚಿಸಿದ. "ಜಾಗ ಮಾತ್ರ ಯಾವಾಗ್ಲೂ ಬಿಡ್ತೀವಿ."

ಹಾಸಿಗೆಯವನ ಕಿವಿ ಕೆಂಪಾದವು. "ದೂರು ಕೊಟ್ಟೋನು ಯಾರು? ಅದನ್ನಾದ್ರೂ ಹೇಳಿ."

"ಹೇಳೋ ಹಾಗಿಲ್ಲ. ದೂರು ಬಂದ ತಕ್ಷಣ ಕೊಟ್ಟವರ ಹೆಸರಿನ ಮೇಲೆ ಕಪ್ಪು ಮಸಿ ಬಳೀತೀವಿ. ಇಲ್ಲಿ ಯಾರೂ ನೋಡೋ ಹಾಗಿಲ್ಲ, ನಾನೂ ನೋಡಿಲ್ಲ, ಸಾಹೇಬರೂ ನೋಡಿಲ್ಲ. ಅವರ ಜೀವಕ್ಕೆ ಅಪಾಯ ಆಗಬಾರದು ನೋಡಿ."

"ಅವನ ಜೀವ! ನನ್ನ ಅಂಗಡಿ ಜೀವ ಹೋಗ್ತಿದೆ, ಅದಕ್ಕೆ ಯಾರು ಮಸಿ ಬಳೀತಾರೆ? ಮುಖ ಮುಚ್ಚಿಕೊಂಡು ಕಲ್ಲೆಸೆಯೋ ಹೇಡಿ ಅವನು. ಒಂದು ಸಲ ಕೈಗೆ ಸಿಗಲಿ, ಹತ್ತಿ ಹಿಂಜಿದ ಹಾಗೆ ಹಿಂಜಿಬಿಡ್ತೀನಿ!"

ಗುಮಾಸ್ತ ಆಗಲೂ ತಲೆ ಎತ್ತಲಿಲ್ಲ. ಬರೆದುಕೊಂಡ. ಬರೆದುಕೊಂಡದ್ದನ್ನು ಗಟ್ಟಿಯಾಗಿ ಓದಿದ. "ದೂರುದಾರರನ್ನು... ಹಿಂಜುವುದಾಗಿ... ಪ್ರತಿವಾದಿಯ ಬೆದರಿಕೆ. ಹಿಂಜುವುದಕ್ಕೆ ದೀರ್ಘ ಇದೆಯೋ? ಇರಲಿ ಬಿಡಿ." ಆಮೇಲೆ ಸ್ವರ ಬದಲಿಸಿ, "ಅಂದಹಾಗೆ ಹಾಸಿಗೆ ಕೆಲಸದವರು ಅಂದ್ರಲ್ಲ? ಸಾಹೇಬರ ಕುರ್ಚಿ ಮೆತ್ತೆ ಗಂಟುಗಂಟಾಗಿದೆ. ಅದರ ಮೇಲೆ ಕೂತು ಅವರಿಗೆ ಯಾರ ಮಾತೂ ಕೇಳೋ ಸಹನೆ ಇರಲ್ಲ. ಸ್ವಲ್ಪ ಸರಿಮಾಡಿಕೊಡಿ, ನಿಮಗೇ ಒಳ್ಳೇದು," ಎಂದ.

ತನ್ನ ಕತ್ತು ಕೊಯ್ಯುವ ಕತ್ತಿಗೆ ತಾನೇ ಸಾಣೆ ಹಿಡಿಯುವ ಕುರಿ ಲೋಕದಲ್ಲಿ ಎಲ್ಲೂ ಇರಲಿಕ್ಕಿಲ್ಲ. ಹಾಸಿಗೆಯವ ಹಲ್ಲು ಕಚ್ಚಿಕೊಂಡು ಆ ಮೆತ್ತೆಯನ್ನು ಮಡಿಲಲ್ಲಿ ಹಾಕಿಕೊಂಡ. ದಬ್ಬಳ ಗೇಟಿನಲ್ಲಿತ್ತು. ಬೆರಳಿನಿಂದಲೇ ಹೊಲಿಗೆ ಬಿಡಿಸಿ, ಒಳಗಿನ ಗಂಟುಗಳನ್ನು ಒಂದೊಂದಾಗಿ ಹಿಂಜಿದ. ಪ್ರತಿ ಗಂಟಿಗೂ ಒಬ್ಬ ಶತ್ರುವಿನ ಮುಖ ಕಲ್ಪಿಸಿಕೊಂಡದ್ದರಿಂದ ಕೆಲಸ ಚೆನ್ನಾಗಿಯೇ ಆಯಿತು. ಶಾಖೆಯ ತುಂಬ ಹತ್ತಿ ಹಾರಿ, ಸೀನು ಮೇಜಿನಿಂದ ಮೇಜಿಗೆ ಕಡತಕ್ಕಿಂತ ವೇಗವಾಗಿ ಸಾಗಿತು.

ಆಮೇಲೆ ಹೊರಗಿನ ಬೆಂಚು. ಅಲ್ಲಿ ಒಬ್ಬಳು ಹೆಂಗಸು ಕೂತಿದ್ದಳು, ಇನ್ನೂ ಚಿಕ್ಕ ವಯಸ್ಸು. ಬೀಗ ರಿಪೇರಿ ಅಂಗಡಿ. ಗಂಡನದು.

"ನಿಮ್ಮವರು ಬರಲಿಲ್ವಾ ತಾಯಿ?"

"ತೀರಿಕೊಂಡರು. ಪರವಾನಗಿ ನನ್ನ ಹೆಸರಿಗೆ ಮಾಡಿಕೊಡಿ ಅಂತ ಅರ್ಜಿ ಹಾಕಿದ್ದೆ. ಹೆಸರು ಬದಲಾಯಿಸೋಕೆ ಆಕ್ಷೇಪಣೆ ಇದ್ದರೆ ಅವರೇ ಖುದ್ದಾಗಿ ಬಂದು ಹೇಳಬೇಕು ಅಂತ ಅವರ ಹೆಸರಿಗೆ ನೋಟಿಸು ಕಳಿಸಿದ್ದಾರೆ."



ಜವಾನ ಬಾಗಿಲಿಗೆ ಬಂದು ಅವಳ ಗಂಡನ ಹೆಸರನ್ನು ಮೂರು ಸಲ ಕೂಗಿದ. ಮೂರು ಸಲವೂ ಮೊಗಸಾಲೆಯ ಉದ್ದಕ್ಕೂ ನೋಡಿದ. "ಗೈರುಹಾಜರಿ," ಎಂದು ಗುರುತು ಹಾಕಿಕೊಂಡು ಹೋದ.

"ಪ್ರತಿ ಸಲವೂ ಹೀಗೇ," ಎಂದಳು ಅವಳು. "ಮನೇಲಿ ನಾನು ಕಾಯೋದು ಬಿಟ್ಟೆ. ಇವರಿನ್ನೂ ಬಿಟ್ಟಿಲ್ಲ."

ಹಾಸಿಗೆಯವನಿಗೆ ತನ್ನ ಕೋಪಕ್ಕಿಂತ ದೊಡ್ಡದೊಂದು ಕೋಪ ಬಂತು. ಎದ್ದು ಯಾರಿಗಾದರೂ ಹೊಡೆಯಬೇಕು ಎನಿಸಿತು. ಅಷ್ಟರಲ್ಲಿ ಪಕ್ಕದ ಸಣ್ಣ ಬಾಗಿಲು ತೆರೆದು, ಇನ್ನೊಬ್ಬ ಜವಾನ ತಲೆ ಹೊರಹಾಕಿ ಪಿಸುಗುಟ್ಟಿದ: "ಹದಿನೇಳನೇ ನಂಬರಿನೋರು ಇದ್ದಾರಾ?"

"ನಾನೇ!"

"ಶ್! ಮೆಲ್ಲಗೆ. ಬನ್ನಿ, ಬೇಗ ಬನ್ನಿ."

ಒಳಗೆ ಸಾಹೇಬರು ಹೊಸ ಜನ್ಮ ಬಂದವರ ಹಾಗೆ ಕುರ್ಚಿಯಲ್ಲಿ ಕೂತಿದ್ದರು. ಬೆಳಿಗ್ಗೆಯಿಂದ ಗಂಟುಗಳ ಮೇಲೆ ಕೂತು ಬೆಂದಿದ್ದ ಮೈ ಈಗ ಮೋಡದ ಮೇಲಿತ್ತು. ಅವರು ಹಾಸಿಗೆಯವನನ್ನು ನೋಡಿ ಮುಗುಳ್ನಕ್ಕರು. ಪುರಸಭೆಯಲ್ಲಿ ತನ್ನನ್ನು ನೋಡಿ ಯಾರಾದರೂ ನಗಬಹುದೆಂದು ಅವನು ಕನಸಿನಲ್ಲೂ ಎಣಿಸಿರಲಿಲ್ಲ.

"ಕೂತ್ಕೊಳ್ಳಿ. ಹೆದರಬೇಡಿ. ಹೆಸರು ಹೇಳಬೇಡಿ, ನಿಮ್ಮದೂ ಬೇಡ, ಆ ಮನುಷ್ಯನದೂ ಬೇಡ, ಕಸುಬೂ ಬೇಡ. ಮುಖ ನೋಡಿ ಮಣೆ ಹಾಕೋ ಪದ್ಧತಿ ಇಲ್ಲಿಲ್ಲ. ಮನಸ್ಸು ಬಿಚ್ಚಿ ಹೇಳಿ. ಎಷ್ಟು ಹೊತ್ತಾದರೂ ಕೇಳ್ತೀನಿ."

ಜಗಳಕ್ಕೆಂದು ಕಟ್ಟಿಕೊಂಡು ಬಂದ ಮಾತುಗಳ ಗಂಟು ಈ ಒಂದು ಮಾತಿಗೆ ತಾನಾಗಿ ಬಿಚ್ಚಿಕೊಂಡಿತು.

"ಏನು ಹೇಳಲಿ ಸ್ವಾಮೀ! ಆ ಯಂತ್ರ ಶುರುವಾಯ್ತು ಅಂದ್ರೆ ಹಲ್ಲಿನ ಬೇರು ಅಲ್ಲಾಡತ್ತೆ. ನಾನೊಂದು ಹೇಳಿದ್ರೆ ಹೆಂಡತಿಗೆ ಇನ್ನೊಂದು ಕೇಳತ್ತೆ. ಮದುವೆಯಾದಾಗಿನಿಂದ ಹಾಗೇ, ಆದ್ರೆ ಈಗ ಜಾಸ್ತಿ. ದೂಳಂತೂ ಅನ್ನದಲ್ಲಿ, ನೀರಲ್ಲಿ, ಕಣ್ಣಲ್ಲಿ."

"ಕಾಣ್ತಾ ಇದೆ," ಎಂದರು ಸಾಹೇಬರು, ಅವನ ತಲೆ ಹುಬ್ಬುಗಳನ್ನು ಕನಿಕರದಿಂದ ನೋಡುತ್ತ. "ಪಾಪ. ಮೈಯೆಲ್ಲ ಮೆತ್ತಿಕೊಂಡುಬಿಟ್ಟಿದೆ. ಅವನಿಗೆ ಹೇಳಿ ನೋಡಿದ್ರಾ?"

"ಹೇಳಿದ್ರೆ ಕಿವಿಗೆ ಹತ್ತಿ ಇಟ್ಕೋತಾನೆ ಸ್ವಾಮಿ!"

"ಹತ್ತಿಗೇನು ಬರ ಅವನಿಗೆ!" ಎಂದು ಸಾಹೇಬರು ಕಹಿಯಾಗಿ ನಕ್ಕು ಬರೆದುಕೊಂಡರು. "ಅಂದ್ರೆ ಅಂಗಡಿ ಮುಚ್ಚಿಸೋದೊಂದೇ ದಾರಿ ಅಂತೀರಾ? ಯೋಚಿಸಿ ಹೇಳಿ. ಅವನಿಗೂ ಹೆಂಡತಿ ಮಕ್ಕಳು ಇರಬಹುದು."

ಒಂದು ಕ್ಷಣ ಹಾಸಿಗೆಯವ ತಡೆದ. ಕಲ್ಲಿನವನ ಕಿವಿಯ ಹತ್ತಿ ನೆನಪಾಯಿತು. 'ಒಳ್ಳೇ ಮಾಲು' ಎಂದಿದ್ದ ಮಾತು ನೆನಪಾಯಿತು. ಆದರೆ ಹಾಸಿಗೆಗೆ ಬಳಿದ ಗೋಂದೂ ನೆನಪಾಯಿತು. ಬೆಂಚಿನ ಮೇಲೆ ಕೂತವಳೂ ನೆನಪಾದಳು. ಆ ಕೋಪವೆಲ್ಲ ಸಿಕ್ಕಿದ ದಾರಿಯಲ್ಲಿ ಹರಿಯಿತು.

"ನನ್ನ ಹೆಂಡತಿಯ ಯೋಚನೆ ಯಾರು ಮಾಡಿದ್ರು ಸ್ವಾಮಿ? ಮುಚ್ಚಿಸಿ. ಇವತ್ತೇ ಮುಚ್ಚಿಸಿ. ಮೊಹರು ಹಾಕಿ. ಸದ್ದು ಮಾಡೋರಿಗೆ ಅದು ಪಾಠ ಆಗಲಿ!"

"ಆಯ್ತು," ಎಂದರು ಸಾಹೇಬರು, ಮೇಜಿನ ಮೇಲೆ ಸಿದ್ಧವಾಗಿದ್ದ ಆರ್ಡರಿಗೆ ಸಹಿ ಮಾಡಿ. ತಿದ್ದಲು ಬಿಟ್ಟಿದ್ದ ಜಾಗ ಖಾಲಿಯೇ ಉಳಿಯಿತು. "ಮೊಹರು ಹಾಕೋರು ನಿಮ್ಮ ಬೀದಿ ಕಡೆಗೇ ಹೊರಟಿದ್ದಾರೆ. ನೀವು ಮನೆ ಸೇರೋ ಹೊತ್ತಿಗೆ ಕೆಲಸ ಮುಗಿದಿರತ್ತೆ."

ಹಾಸಿಗೆಯವ ಅವರ ಕಾಲಿಗೆ ಬೀಳಲು ಬಾಗಿದ. ಸಾಹೇಬರು ತಡೆದರು. ಜವಾನ ಸಣ್ಣ ಬಾಗಿಲಿನಿಂದಲೇ ಹೊರಗೆ ಬಿಟ್ಟು, ಮಡಚಿದ ಕಾಗದವೊಂದನ್ನು ಕೈಗಿತ್ತ. "ಗೆದ್ರಿ."

ಹೊರಗೆ ಮೇಷ್ಟ್ರು ನಲ್ಲಿ ಸಾಲಿನಿಂದ ಬೆವರಿಳಿಸಿಕೊಂಡು ಬಂದು ನಿಂತಿದ್ದರು. "ಏನಾಯ್ತೋ?"

"ಗೆದ್ದೆ ಮೇಷ್ಟ್ರೇ! ಎಂಥ ಮನುಷ್ಯ! ಕೂರಿಸಿಕೊಂಡು ಕೇಳಿದ್ರು. ಹೆತ್ತಪ್ಪನೂ ನನ್ನ ಮಾತು ಅಷ್ಟು ಹೊತ್ತು ಕೇಳಿರಲಿಲ್ಲ. ಕಲ್ಲಿನ ಅಂಗಡೀನೇ ಮುಚ್ಚಿಸಿದ್ರು!"

ಬೆಂಚಿನ ಮೇಲಿದ್ದ ಹೆಂಗಸು ಅವನನ್ನೇ ನೋಡುತ್ತಿದ್ದಳು. "ನೀವು ಒಳಗಿದ್ದಾಗ ಈ ಕಡೆ ಬಾಗಿಲಲ್ಲಿ ನಿಮ್ಮನ್ನೂ ಕೂಗಿದರು," ಎಂದಳು. "ಹಾಸಿಗೆ ಅಂಗಡಿ, ಹಾಸಿಗೆ ಅಂಗಡಿ, ಹಾಸಿಗೆ ಅಂಗಡಿ ಅಂತ. ಅವರು ಒಳಗೇ ಇದ್ದಾರೆ ಅಂದೆ. ಒಳಗಿರೋರು ದೂರುದಾರರು, ನೀನು ಸುಮ್ಮನಿರಮ್ಮ ಅಂದರು. ಗೈರುಹಾಜರಿ ಅಂತ ಬರೆದುಕೊಂಡರು."

"ದೂರುದಾರರು? ಯಾರು?"

ಮೇಷ್ಟ್ರು ಆಗಲೇ ಕಾಗದ ಬಿಡಿಸಿದ್ದರು. ತರಗತಿಯಲ್ಲಿ ಓದುವ ಸ್ವರದಲ್ಲಿ ಓದಿದರು. "'ದೂರುದಾರರ ಪ್ರತಿ. ಹದಿನೇಳನೇ ನಂಬರಿನಿಂದ ಬಂದ ದೂರಿನಲ್ಲಿ, ಗೌಪ್ಯತೆಗಾಗಿ ಹೆಸರು ಅಳಿಸಿದ ಮೇಲೆ ವಿಳಾಸವೊಂದೇ ಉಳಿದಿದ್ದರಿಂದ, ಇನ್‌ಸ್ಪೆಕ್ಟರು ಸದರಿ ವಿಳಾಸಕ್ಕೇ ತೆರಳಿ, ಸದ್ದು ಮತ್ತು ದೂಳನ್ನು ಕಣ್ಣಾರೆ ಕಂಡು, ಮೂಗಾರೆ ಅನುಭವಿಸಿದ್ದಾರೆ. ಸ್ಥಳದಲ್ಲಿದ್ದ ಅಂಗಡಿಯ ಮಾಲೀಕರನ್ನು ವಿಚಾರಿಸಲಾಗಿ, ಸದ್ದು ತಲೆ ಕೆಡಿಸುತ್ತದೆ, ದೂಳು ಪ್ರಾಣ ತೆಗೆಯುತ್ತದೆ ಎಂದು ಅವರೇ ಒಪ್ಪಿಕೊಂಡಿದ್ದಾರೆ. ಇಂದು ದೂರುದಾರರ ಮಾತನ್ನು ಸಾವಧಾನವಾಗಿ ಕೇಳಲಾಯಿತು. ಪ್ರತಿವಾದಿಗೆ ಅವಕಾಶ ಕೊಟ್ಟರೂ ಗೈರುಹಾಜರಾಗಿದ್ದಾರೆ. ಆದ್ದರಿಂದ ಹದಿನೇಳನೇ ನಂಬರಿನ ಹಾಸಿಗೆ ಅಂಗಡಿಯ ಪರವಾನಗಿ ರದ್ದು.'"

ಮೇಷ್ಟ್ರು ಕನ್ನಡಕ ತೆಗೆದು ಒರೆಸಿಕೊಂಡರು. "ಕ್ರಮ ಸರಿಯಾಗೇ ಇದೆ ಕಣಯ್ಯ. ನೋಟಿಸು ಕೊಟ್ಟಿದ್ದಾರೆ, ಕೇಳಿದ್ದಾರೆ, ಕಾರಣ ಬರೆದಿದ್ದಾರೆ. ಕುಂದು ಹುಡುಕೋದು ಕಷ್ಟ. ದೂರು ಕೊಟ್ಟೋನು ನೀನೇ!"

"ಕಲ್ಲಿನವನ ಮೇಲೆ ಕೊಟ್ಟಿದ್ದು!"

"ಕಲ್ಲಿನವನ ವಿಳಾಸ ಕೊಟ್ಟಿದ್ಯಾ?"

"ಎದುರುಗಡೆ ಅಂತ ಹೇಳಿದ್ದೆ. ಎದುರುಗಡೆ ಅಂದ್ರೆ ಸಾಕಲ್ವಾ?"

ಅವನು ಗಿರಕಿ ಹೊಡೆದು ಓಡಿದ. ಗುಮಾಸ್ತ ತಲೆ ಎತ್ತದೆ, "ದೂರುದಾರರಾ, ಪ್ರತಿವಾದಿಯಾ?" ಎಂದ.

"ಎರಡೂ ನಾನೇ!"

"ಒಂದು ಹೇಳಿ. ಎರಡಕ್ಕೂ ಕಿಟಕಿ ಬೇರೆ."

ಸಾಹೇಬರು ಊಟಕ್ಕೆ ಎದ್ದು ಹೊರಟಿದ್ದರು. ಹಾಸಿಗೆಯವ ಅಡ್ಡ ನಿಂತ. "ಸ್ವಾಮೀ, ತಪ್ಪಾಗಿದೆ. ಪ್ರತಿವಾದಿ ನಾನೇ. ನನ್ನ ಮಾತು ಕೇಳಿ!"

"ಈಗತಾನೇ ಕೇಳಿದೆನಲ್ರೀ. ಅಷ್ಟು ಹೊತ್ತು ಯಾರ ಮಾತನ್ನಾದ್ರೂ ಕೇಳಿದ್ದೀನಾ ನಾನು?"

"ಅದು ದೂರುದಾರನಾಗಿ ಆಡಿದ ಮಾತು. ಈಗ ಇನ್ನೊಂದು ಕಡೆಯಿಂದ ಕೇಳಿ."

"ಒಂದೇ ಬಾಯಿ ಎರಡು ಕಡೆಗೂ ಮಾತಾಡಿದ್ರೆ ಅದಕ್ಕೆ ನ್ಯಾಯ ಅಂತಾರೇನ್ರೀ?"

"ಹಾಗಾದ್ರೆ ಮೇಲ್ಮನವಿ ಹಾಕ್ತೀನಿ!"

"ಗೆದ್ದವರಿಗೆ ಮೇಲ್ಮನವಿ ಇಲ್ಲ. ಸೋತವರು ಹಾಕಬೇಕು. ಅವರು ಗೈರುಹಾಜರಿ. ಗೈರುಹಾಜರಾದವರಿಗೂ ಇಲ್ಲ." ಸಾಹೇಬರು ಸುತ್ತ ನೋಡಿ ಸ್ವರ ತಗ್ಗಿಸಿದರು. "ನಿಮ್ಮ ಭಯ ನನಗೆ ಅರ್ಥ ಆಗತ್ತೆ. ಅವನು ಹೆದರಿಸಿರಬೇಕು, ಅದಕ್ಕೇ ಹೀಗೆ ಮಾತು ಬದಲಾಯಿಸ್ತಿದ್ದೀರಿ. ಬೆಳಿಗ್ಗೆ ಆಯುಧ ಹಿಡಿದು ಬಂದಿದ್ದನಂತೆ, ಕಾವಲುಗಾರ ಬರೆದಿದ್ದಾನೆ. ನಿಮ್ಮನ್ನ ಹಿಂಜುತ್ತೀನಿ ಅಂದನಂತೆ, ಗುಮಾಸ್ತರು ಬರೆದಿದ್ದಾರೆ. ಚಿಂತೆ ಬೇಡ. ನಿಮ್ಮ ಮನೆ ಮುಂದೆ ಪೊಲೀಸ್ ಕಾವಲು ಹಾಕೋಕೆ ಹೇಳಿದ್ದೀನಿ."

ಹಾಸಿಗೆಯವನ ಬಾಯಿ ತೆರೆದೇ ಉಳಿಯಿತು. ಹುಬ್ಬಿನಿಂದ ಒಂದು ಎಳೆ ಹತ್ತಿ ಜಾರಿ ಅದರೊಳಗೆ ಬಿತ್ತು.

ಗೇಟಿನಲ್ಲಿ ದಬ್ಬಳ ಕೇಳಿದ. "ಅದು ಸಾಕ್ಷಿ. ಕೊಡೋಕಾಗಲ್ಲ," ಎಂದ ಕಾವಲುಗಾರ.

ಬೀದಿ ಮುಟ್ಟುವಾಗ ಬಿಸಿಲು ಇಳಿದಿತ್ತು. ಹದಿನೇಳನೇ ನಂಬರಿನ ಅಂಗಡಿ ಬಾಗಿಲಿಗೆ ಬೀಗ, ಬೀಗದ ಮೇಲೆ ಕೆಂಪು ಅರಗಿನ ಮೊಹರು. ಮೊಹರಿನ ಮೇಲೆ ಆಗಲೇ ಕಲ್ಲಿನ ಬಿಳಿ ದೂಳು ತೆಳುವಾಗಿ ಕೂತಿತ್ತು. ಬೆಳಿಗ್ಗೆ ಗೋಂದು ಬಳಿಸಿಕೊಂಡ ಹಾಸಿಗೆಯನ್ನು ಜಗಲಿಯ ಮೇಲೆ ಹಾಸಿಕೊಂಡು ಒಬ್ಬ ಕಾನ್‌ಸ್ಟೇಬಲ್ ಕಾಲು ಚಾಚಿ ಕೂತಿದ್ದ. ಪಕ್ಕದ ಓಣಿಯಿಂದ ಮನೆಯ ಹಿತ್ತಿಲಿಗೆ ಹೋಗುವ ದಾರಿಗೂ ಅವನ ಲಾಠಿ ಅಡ್ಡ ಇತ್ತು.

"ನಿಲ್ಲು. ಹಾಸಿಗೆಯವ ನೀನೇನಾ?"

"ಹೌದು."

"ತಲೆ ತುಂಬ ಹತ್ತಿ ಇರತ್ತೆ ಅಂದಿದ್ರು, ಸರಿಯಾಗಿದೆ. ನೀನು ಬೆದರಿಕೆ ಹಾಕಿದ ದೂರುದಾರರು ಈ ಮನೇಲಿ ಇರೋದು. ನೀನು ರಸ್ತೆಯ ಈ ಕಡೆ ಕಾಲಿಡೋ ಹಾಗಿಲ್ಲ."

"ಆ ದೂರುದಾರ ನಾನೇ ಕಣಪ್ಪ!"

"ಏನು ಗ್ಯಾರಂಟಿ? ಹೆಸರು ತೋರಿಸು."

ಹಾಸಿಗೆಯವ ಜೇಬಿನಿಂದ ದೂರುದಾರರ ಪ್ರತಿ ತೆಗೆದುಕೊಟ್ಟ. ಹೆಸರಿನ ಜಾಗದಲ್ಲಿ ಕಪ್ಪು ಮಸಿ, ಅಮಾವಾಸ್ಯೆಯ ಹಾಗೆ. ಕಾನ್‌ಸ್ಟೇಬಲ್ ಅದನ್ನು ಬೆಳಕಿಗೆ ಹಿಡಿದು ನೋಡಿದ. "ಪಾಪದವರ ಪ್ರತೀನೂ ಕಸ್ಕೊಂಡು ಬಂದಿದ್ದೀಯಲ್ಲೋ ರಾಕ್ಷಸ! ನಡಿ ಆ ಕಡೆ."

ಮಹಡಿಯ ಅಮ್ಮ ಮೇಲಿನಿಂದ ಕೂಗಿದರು: "ಅಯ್ಯೋ ಪೊಲೀಸಪ್ಪ, ಅವನು ಈ ಮನೆಯೋನೇ ಕಣೋ!"

"ನೀವು ಯಾರಮ್ಮ? ದೂರುದಾರರಾ?"

ಅಮ್ಮ ಕಿಟಕಿ ಮುಚ್ಚಿಕೊಂಡರು.

ಹೆಂಡತಿ ಹಿತ್ತಿಲಿನಿಂದ ಸುತ್ತಿ ಬಂದು ಕಾನ್‌ಸ್ಟೇಬಲ್ಲಿನ ಬೆನ್ನ ಹಿಂದೆ ನಿಂತಳು. ಎಲ್ಲ ಕೇಳಿಸಿಕೊಂಡಿದ್ದಳು. ಗಂಡನನ್ನು ನೋಡಿದಳು. ಬೈಗುಳ ಬಾಯಿಯವರೆಗೆ ಬಂದದ್ದು ಕಾಣಿಸಿತು, ನುಂಗಿಕೊಂಡದ್ದೂ ಕಾಣಿಸಿತು.

"ಊಟ ಕಟ್ಟಿಕೊಡ್ತೀನಿ," ಎಂದಳು ಕೊನೆಗೆ. "ಪೊಲೀಸಪ್ಪ, ಅದನ್ನಾದ್ರೂ ದಾಟಿಸ್ತೀಯಾ?"

ರಸ್ತೆಯ ಆಚೆ ಕಲ್ಲಿನವ ಗರಗಸ ನಿಲ್ಲಿಸಿದ. ಬೀದಿ ಎಷ್ಟು ನಿಶ್ಶಬ್ದವಾಯಿತೆಂದರೆ ಕಾನ್‌ಸ್ಟೇಬಲ್ಲಿನ ಮೈಕೆಳಗೆ ಹಾಸಿಗೆ ಉಸಿರು ಬಿಡುವುದೂ ಕೇಳಿಸುತ್ತಿತ್ತು.

"ಬಾ ಅಣ್ಣ," ಎಂದ ಕಲ್ಲಿನವ. ನೆಲದ ಮೇಲಿದ್ದ ಒಂದು ಉದ್ದನೆಯ ಚಪ್ಪಡಿಯನ್ನು ತನ್ನ ಟವೆಲಿನಿಂದ ಎರಡು ಸಲ ಒರೆಸಿದ. "ಇವತ್ತು ಇಲ್ಲೇ ಇರು. ಮಲಗೋಕೆ ಇದು ಬಿಟ್ಟು ನನ್ನ ಹತ್ರ ಬೇರೇನೂ ಇಲ್ಲ. ಪಾಲಿಶ್ ಮಾಡಿದ್ದೀನಿ, ಚುಚ್ಚಲ್ಲ."

ಜೀವಮಾನವಿಡೀ ಊರಿಗೆ ಹಾಸಿಗೆ ಹೊಲಿದವನು ಆ ಕಲ್ಲಿನ ಮೇಲೆ ಕೂತ. ತಣ್ಣಗಿತ್ತು. ಎದುರಿಗೆ ಅವನದೇ ಬಾಗಿಲು, ಅವನದೇ ಹಾಸಿಗೆ, ಅವನದೇ ಕಾವಲು.

ಕಲ್ಲಿನವ ಕಿವಿಯ ಹತ್ತಿ ತೆಗೆದು ಪಕ್ಕದಲ್ಲಿ ಕುಕ್ಕರಿಸಿದ. ಅವನ ಮುಷ್ಟಿ ಬಿಗಿಯಾಗಿತ್ತು. "ಯಾರಣ್ಣ ಅವನು, ಆ ದೂರು ಕೊಟ್ಟ ಹಾಳಾದೋನು? ಬಾಯಿಬಿಟ್ಟು ಹೇಳು. ಇದೇ ಚಪ್ಪಡಿ ಅವನ ತಲೆ ಮೇಲೆ ಹಾಕ್ತೀನಿ."

ಹಾಸಿಗೆಯವ ಅವನ ಕೈ ಹಿಡಿದು ಕೆಳಗಿಳಿಸಿದ.

"ಮೆಲ್ಲಗೆ ಮಾತಾಡೋ," ಎಂದ. "ಈ ಊರಲ್ಲಿ ಅವನ ಮಾತೊಂದನ್ನೇ ಕೇಳೋದು."